ಹುಟ್ಟದೆ ಸತ್ತ ಛಾಯಾಗ್ರಾಹಕ

ನನ್ನ ಅತ್ತಿಗೆ, ಅಂದರೆ ನನ್ನ ಗಂಡನ ಅಕ್ಕ, ಸಿನಿಮಾ ಮಾಡುತ್ತಿದ್ದರು. ಹೀಗೆಂದ ಕೂಡಲೇ ಜನ ಕ್ರೇನು, ಸಾಲು ಸಾಲು ವ್ಯಾನು, ಹಿಂದೆ ಕೊಡೆ ಹಿಡಿದು ನಿಂತವನು, ಏನೇನೋ ಊಹಿಸಿಕೊಳ್ಳುತ್ತಾರೆ. ಅಂಥದ್ದೇನೂ ಇರಲಿಲ್ಲ. ಕಥೆ ಬರೆಯುವವರು ಅವರೇ, ಕ್ಯಾಮೆರಾ ಹಿಡಿಯುವವರು ಅವರೇ, ಶಬ್ದ ಹಿಡಿಯುವವರು ಅವರೇ, ಎಲ್ಲವನ್ನೂ ಕತ್ತರಿಸಿ ಜೋಡಿಸುವವರೂ ಅವರೇ. ಚಿತ್ರೀಕರಣವಾದ ಮೇಲೆ ಕಸ ಗುಡಿಸುವುದೊಂದನ್ನು ಮಾತ್ರ ನನಗೆ ಬಿಟ್ಟುಕೊಡುತ್ತಿದ್ದರು. ಅದನ್ನೇನೂ ನಾನು ಜಗಳ ಮಾಡಿ ಪಡೆದದ್ದಲ್ಲ.

ಅವರು ತೀರಿಕೊಂಡ ಮೇಲೆ ಅವರ ಬಗ್ಗೆ ಅಲ್ಲಿ ಇಲ್ಲಿ ಬರೆದಿದ್ದಾರೆ. ಓದಿದರೆ ನನಗೆ ಮೈಯೆಲ್ಲ ಉರಿಯುತ್ತದೆ. ಬರೆದವರು ಕೆಟ್ಟವರಲ್ಲ, ಒಳ್ಳೆಯ ಮಾತನ್ನೇ ಆಡಿದ್ದಾರೆ. ಆದರೆ ಅತ್ತಿಗೆ ಜೀವ ತೇಯ್ದು ಮಾಡಿದ ಕೆಲಸದಲ್ಲಿ ದೊಡ್ಡ ಪಾಲನ್ನು ಇನ್ನೊಬ್ಬನ ಹೆಸರಿಗೆ ಬರೆದುಕೊಟ್ಟಿದ್ದಾರೆ. ಆ ಇನ್ನೊಬ್ಬ ಎಂಬುವನು ಹುಟ್ಟಿಯೇ ಇರಲಿಲ್ಲ. ಇದು ಗೊತ್ತಿದ್ದದ್ದು ನಮ್ಮ ಮನೆಯವರಿಗೆ ಮಾತ್ರ. ಅವರಲ್ಲಿ ಈಗ ಉಳಿದಿರುವುದು ನಾನು ಮತ್ತು ನನ್ನ ಗಂಡ. ಗಂಡನಿಗೆ ತಂತಿ ಎಳೆಯುವುದು, ಸ್ವಿಚ್ಚು ಕೂರಿಸುವುದು ಬರುತ್ತದೆ, ಬರೆಯುವುದು ಬರುವುದಿಲ್ಲ. ಹಾಗಾಗಿ ನಾನೇ ಕೂತಿದ್ದೇನೆ.

ನಾನು ಮದುವೆಯಾಗಿ ಆ ಮನೆಗೆ ಬಂದಾಗ ಅತ್ತಿಗೆ ಒಂದು ಫೋಟೋ ಸ್ಟುಡಿಯೋದಲ್ಲಿ ಕೆಲಸಕ್ಕಿದ್ದರು. ಪಾಸ್‌ಪೋರ್ಟ್ ಅಳತೆಯ ಫೋಟೋ ತೆಗೆಯುವುದು, ಸಣ್ಣ ಮಕ್ಕಳನ್ನು ನಗಿಸುವುದು, ಹಳೇ ಫೋಟೋಗಳ ಕಲೆ ತೆಗೆಯುವುದು. ದಿನವೆಲ್ಲ "ಗಲ್ಲ ಸ್ವಲ್ಪ ಇಳಿಸಿ, ಕಣ್ಣು ಇಲ್ಲಿ" ಎಂದು ಹೇಳಿ ಹೇಳಿ ಮನೆಗೆ ಬಂದರೂ ಅದೇ ಅಭ್ಯಾಸ. ನಾನು ಮುಖ ಊದಿಸಿಕೊಂಡು ಕೂತಿದ್ದರೆ ಏನಾಯಿತು ಎಂದು ಕೇಳುತ್ತಿರಲಿಲ್ಲ, ಕಿಟಕಿಯ ಕಡೆ ತಿರುಗಿ ಕೂರು ಅನ್ನುತ್ತಿದ್ದರು. ಅವರಿಗೆ ಗಂಡ, ಮಕ್ಕಳು ಇರಲಿಲ್ಲ. ಯಾಕೆ ಎಂದು ಕೇಳಿದವರಿಗೆ ಬಿಡುವಾಗಲಿಲ್ಲ ಎಂದು ಉತ್ತರ ಕೊಟ್ಟು ಬಾಯಿ ಮುಚ್ಚಿಸುತ್ತಿದ್ದರು. ಅದು ತಮಾಷೆ ಎಂದು ಜನ ನಗುತ್ತಿದ್ದರು. ತಮಾಷೆಯಲ್ಲ, ನಿಜವಾಗಿಯೂ ಬಿಡುವಾಗಿರಲಿಲ್ಲ.

ನಮ್ಮದು ಮಹಡಿ ಮನೆ, ಕೆಳಗೆ ಹಿಟ್ಟಿನ ಗಿರಣಿ. ಗಿರಣಿ ತಿರುಗುವಾಗ ಮನೆಯ ತಟ್ಟೆ ಲೋಟಗಳೆಲ್ಲ ಸಣ್ಣಗೆ ನಡುಗುತ್ತಿದ್ದವು. ಆದ್ದರಿಂದ ಮಾತಿನ ದೃಶ್ಯಗಳೆಲ್ಲ ಗಿರಣಿಗೆ ರಜೆಯಿದ್ದ ದಿನವೇ. ವಾರದ ಆ ಒಂದು ದಿನ ನಮ್ಮ ಮನೆಯಲ್ಲಿ ಯಾರೂ ಕೆಮ್ಮುವಂತಿರಲಿಲ್ಲ. ನೆಲ ಒರೆಸುವ ಕೋಲಿನ ತುದಿಗೆ ಮೈಕು ಕಟ್ಟಿ ನನ್ನ ಕೈಗೆ ಕೊಟ್ಟುಬಿಡುತ್ತಿದ್ದರು. ನನ್ನ ಗಂಡ ದೀಪ ಹಿಡಿಯಬೇಕು, ಅಗತ್ಯ ಬಿದ್ದರೆ ದೀಪ ಗೂಟಕ್ಕೆ ಸಿಕ್ಕಿಸಿ ಬಂದು ಅಳಿಯನ ಪಾತ್ರ ಮಾಡಬೇಕು. ಯಾರದ್ದೋ ಮನೆಯವರು ಬೇಡವೆಂದು ಕೊಟ್ಟ ಮಗುವಿನ ತಳ್ಳುಗಾಡಿಯಲ್ಲಿ ಅತ್ತಿಗೆ ಕ್ಯಾಮೆರಾ ಹಿಡಿದು ಕಾಲು ಮಡಚಿ ಕೂರುವುದು, ನಾವು ಉಸಿರು ಕಟ್ಟಿ ತಳ್ಳುವುದು. ಹೆಜ್ಜೆಯ ಸದ್ದು ಬೇಕಾದಾಗ ಎರಡೂ ಕೈಗೆ ಚಪ್ಪಲಿ ಹಾಕಿಕೊಂಡು ಬಚ್ಚಲಿನ ಕಲ್ಲಿನ ಮೇಲೆ ನಡೆಸುತ್ತಿದ್ದರು. ಮುದುಕರ ಹೆಜ್ಜೆ, ಸಿಟ್ಟಿನ ಹೆಜ್ಜೆ, ಹೇಳದೆ ಹೊರಟುಹೋಗುವವರ ಹೆಜ್ಜೆ, ಎಲ್ಲಾ ಆ ಎರಡು ಕೈಯಲ್ಲೇ ಬರುತ್ತಿದ್ದವು.

ನಾನು ಬಸ್ ನಿಲ್ದಾಣದಲ್ಲಿ ಮೈಕಿನ ಮುಂದೆ ಕೂತು ಯಾವ ಬಸ್ಸು ಎಲ್ಲಿ ನಿಂತಿದೆ ಎಂದು ಕೂಗುವವಳು. ಅದಕ್ಕೇ ಎಲ್ಲಾ ಚಿತ್ರಗಳಲ್ಲೂ ಹೆಂಗಸರ ಧ್ವನಿ ನನ್ನದೇ ಆಯಿತು. ಅಳುವ ಸೊಸೆಗೂ ನಾನೇ, ಅಳಿಸುವ ಅತ್ತೆಗೂ ನಾನೇ. ಒಂದು ಚಿತ್ರದಲ್ಲಿ ನನ್ನ ಜೊತೆ ನಾನೇ ಕಾಲು ಕೆರೆದು ಜಗಳವಾಡಿ ನಾನೇ ಸೋತಿದ್ದೇನೆ.

ಎಲ್ಲವೂ ನೆಟ್ಟಗಿದ್ದ ಆ ಕಾಲದಲ್ಲಿ ಅತ್ತಿಗೆ ತಮ್ಮ ಮೊದಲ ದೊಡ್ಡ ಚಿತ್ರವನ್ನು ಒಂದು ಚಿತ್ರೋತ್ಸವಕ್ಕೆ ಕಳಿಸಿದರು. ಅದು ವಾಪಸ್ಸು ಬಂತು. ಬೇಡವೆಂದರೆ ಬೇಡ, ಅದಕ್ಕೆ ಬೇಸರವಿರಲಿಲ್ಲ. ಆದರೆ ಆಯ್ಕೆ ಸಮಿತಿಯಲ್ಲಿದ್ದ ಒಬ್ಬರು ಸ್ಟುಡಿಯೋಗೆ ಫೋಟೋ ತೆಗೆಸಲು ಬಂದವರು ಮಾತಿನ ಮಧ್ಯೆ, ಚಿತ್ರ ಇವರದ್ದೇ ಎಂದು ತಿಳಿಯದೆ, ನಡೆದದ್ದನ್ನು ಹೇಳಿಬಿಟ್ಟರು. ಚಿತ್ರದ ಕೊನೆಯಲ್ಲಿ ಕಥೆ, ಛಾಯಾಗ್ರಹಣ, ಶಬ್ದ, ಸಂಕಲನ, ನಿರ್ದೇಶನ ಎಂದು ಒಂದೇ ಹೆಸರು ಮತ್ತೆ ಮತ್ತೆ ಬಂದಾಗ ಅಲ್ಲಿದ್ದವರೆಲ್ಲ ನಕ್ಕರಂತೆ. ಇದು ಸಿನಿಮಾ ಅಲ್ಲ, ಯಾರೋ ಗೃಹಿಣಿಯ ಹೊತ್ತು ಕಳೆಯುವ ಕೆಲಸ ಎಂದು ಒಬ್ಬರು ಅಂದರಂತೆ. ಅತ್ತಿಗೆ ಅವರಿಗೂ ಗಲ್ಲ ಇಳಿಸಿ ಎಂದು ಹೇಳಿ ಫೋಟೋ ತೆಗೆದು ಕಳಿಸಿದರು.

ಮನೆಗೆ ಬಂದು ಟೆಲಿಫೋನ್ ಡೈರೆಕ್ಟರಿ ಬಿಚ್ಚಿದರು. ಒಂದು ಪುಟದಿಂದ ಒಂದು ಹೆಸರು, ಇನ್ನೊಂದು ಪುಟದಿಂದ ಮನೆತನದ ಹೆಸರು. ಹೀಗೆ ಒಬ್ಬ ಛಾಯಾಗ್ರಾಹಕ, ಒಬ್ಬ ಸಂಕಲನಕಾರ, ಒಬ್ಬ ಶಬ್ದಗ್ರಾಹಕ, ಕೂತ ಜಾಗದಲ್ಲೇ ಹುಟ್ಟಿದರು. ನಾವು ಊಟದ ಮೇಜಿನ ಸುತ್ತ ಕೂತು ಹೊಟ್ಟೆ ಹುಣ್ಣಾಗುವಷ್ಟು ನಕ್ಕೆವು. ಛಾಯಾಗ್ರಾಹಕನಿಗೆ ಮೀಸೆ ಇರಲಿ ಎಂದು ನನ್ನ ಅತ್ತೆ, ಅಂದರೆ ಅವರ ತಾಯಿ, ಸಲಹೆ ಕೊಟ್ಟರು. ಮುಂದಿನ ವರ್ಷ ಅದೇ ಚಿತ್ರವನ್ನು ಒಂದು ಕಡೆಯೂ ಕತ್ತರಿ ತಾಗಿಸದೆ, ಕೊನೆಯ ಹೆಸರುಗಳನ್ನು ಮಾತ್ರ ಬದಲಿಸಿ ಅಲ್ಲಿಗೇ ಕಳಿಸಿದರು. ಆಯ್ಕೆಯಾಯಿತು. ಸಮಿತಿಯವರು ಬದಲಾಗಿದ್ದರೋ, ಹಿಂದಿನ ಸಲ ಹೆಸರು ಬಿಟ್ಟು ಬೇರೇನನ್ನೂ ನೋಡಿರಲಿಲ್ಲವೋ, ನನಗೆ ಗೊತ್ತಿಲ್ಲ. ಅಂತೂ ಅಲ್ಲಿಂದ ಮುಂದೆ ಅತ್ತಿಗೆಗೆ ಒಂದು ತಂಡವಿತ್ತು.

ಸಂಕಲನಕಾರನ ಬಗ್ಗೆ ಯಾರೂ ತಲೆ ಕೆಡಿಸಿಕೊಳ್ಳಲಿಲ್ಲ. ಶಬ್ದದವನನ್ನಂತೂ ಯಾರೂ ಕೇಳಲೇ ಇಲ್ಲ. ಆದರೆ ಛಾಯಾಗ್ರಾಹಕ ಬೇಗ ಹೆಸರು ಮಾಡಿದ. ಅತ್ತಿಗೆ ಕುಳ್ಳು, ನನ್ನ ಭುಜಕ್ಕೆ ಬರುತ್ತಿದ್ದರು. ಕ್ಯಾಮೆರಾ ಹೆಗಲ ಮೇಲಿಟ್ಟು ತೆಗೆದರೆ ಮನುಷ್ಯರೆಲ್ಲ ಸ್ವಲ್ಪ ಎತ್ತರವಾಗಿ, ಬಾಗಿಲ ಚಿಲಕ ನೇರ ಕಣ್ಣಿಗೆ ಬಂದ ಹಾಗೆ ಕಾಣಿಸುತ್ತಿತ್ತು. ಒಬ್ಬ ವಿಮರ್ಶಕರು ಇದನ್ನು ಆ ಮಹಾಶಯನ ವಿನಯದ ದೃಷ್ಟಿ, ಜಗತ್ತಿನ ಎದುರು ತಲೆಬಾಗಿ ನಿಂತ ಕಲಾವಿದನ ಕಣ್ಣು ಎಂದೆಲ್ಲ ಬರೆದರು. ನನ್ನ ಗಂಡ ಅದನ್ನು ಗಟ್ಟಿಯಾಗಿ ಓದಿ, ಅಕ್ಕ, ನೀನು ಇನ್ನೂ ಒಂದು ಗೇಣು ಕುಳ್ಳಗಿದ್ದಿದ್ರೆ ಅವನನ್ನ ಸಂತ ಮಾಡ್ತಿದ್ರು ಅಂದರು. ಅತ್ತಿಗೆ ನಕ್ಕರು. ಆಗಿನ್ನೂ ನಗು ಬರುತ್ತಿತ್ತು.

ನಗು ನಿಂತದ್ದು ಅತ್ತೆಯ ಚಿತ್ರದಿಂದ. ನನ್ನ ಅತ್ತೆ ಬಟ್ಟೆ ಹೊಲಿಯುವವರು. ಮಕ್ಕಳಿಬ್ಬರನ್ನೂ ಆ ಹೊಲಿಗೆ ಯಂತ್ರದ ಮುಂದೆಯೇ ಕೂತು ಸಾಕಿದವರು. ವಯಸ್ಸಾದ ಮೇಲೆ ಒಂದು ಕಣ್ಣು ಹೋಯಿತು, ಇನ್ನೊಂದು ಮಂಜಾಯಿತು. ಆದರೂ ಕೆಲಸ ಬಿಡಲಿಲ್ಲ. ಅತ್ತಿಗೆ ಅದನ್ನೇ ಕಥೆ ಮಾಡಿ, ಅತ್ತೆಯನ್ನೇ ನಡುವೆ ಕೂರಿಸಿ ಚಿತ್ರ ತೆಗೆದರು. ಆ ಚಿತ್ರದಲ್ಲೊಂದು ದೃಶ್ಯವಿದೆ. ಮುದುಕಿ ಕಿಟಕಿಯ ಬಳಿ ಕೂತು ಸೂಜಿಗೆ ದಾರ ಪೋಣಿಸುತ್ತಾಳೆ. ಆಗುವುದಿಲ್ಲ. ದಾರದ ತುದಿಯನ್ನು ಬಾಯಲ್ಲಿಟ್ಟು ತೇವ ಮಾಡುತ್ತಾಳೆ, ಮತ್ತೆ ಪ್ರಯತ್ನಿಸುತ್ತಾಳೆ, ಆಗುವುದಿಲ್ಲ. ಕಿಟಕಿಯ ಬೆಳಕು ಇಳಿಯುತ್ತಾ ಹೋಗುತ್ತದೆ. ಇಷ್ಟೇ.

ಅದನ್ನು ತೆಗೆಯುವಾಗ ನಾನು ಕೋಲು ಹಿಡಿದು ಪಕ್ಕದಲ್ಲೇ ಇದ್ದೆ. ಒಂದೆರಡು ಸಲ ಪೋಣಿಸಿ ಮುಗಿಸಬೇಕೆಂದು ಮಾತಾಗಿತ್ತು. ಆದರೆ ಅತ್ತೆಗೆ ನಿಜವಾಗಿಯೂ ಆಗಲಿಲ್ಲ. ಅವರು ನಟಿಸುವುದನ್ನು ಮರೆತು ಹಟಕ್ಕೆ ಬಿದ್ದರು. ಅತ್ತಿಗೆ ಸಾಕು ಅನ್ನಲಿಲ್ಲ. ಕ್ಯಾಮೆರಾ ಹೆಗಲ ಮೇಲಿಟ್ಟುಕೊಂಡು ಅಲ್ಲಾಡದೆ ನಿಂತೇ ಇದ್ದರು. ಅವರ ಕೆನ್ನೆಯ ಮೇಲೆ ನೀರಿಳಿಯುತ್ತಿದ್ದದ್ದು ನನಗೆ ಕಾಣುತ್ತಿತ್ತು, ಕೈ ಮಾತ್ರ ನಡುಗಲಿಲ್ಲ. ಒಬ್ಬ ಮಗಳು ತಾಯಿಯನ್ನು ಹಾಗೆ ನೋಡಿದ್ದನ್ನು ನಾನು ಇನ್ನೆಲ್ಲೂ ಕಂಡಿಲ್ಲ.

ಆ ಚಿತ್ರಕ್ಕೆ ಆ ವರ್ಷದ ಅತ್ಯುತ್ತಮ ಛಾಯಾಗ್ರಹಣದ ಪ್ರಶಸ್ತಿ ಬಂತು. ಅತ್ತಿಗೆಗಲ್ಲ, ಆ ಪುಣ್ಯಾತ್ಮನಿಗೆ.

ನಿಜ ಹೇಳಿಬಿಡಿ ಅತ್ತಿಗೆ ಎಂದು ನಾನು ಅವತ್ತೇ ಹೇಳಿದೆ. ಅವರಿಗೂ ಹೇಳುವ ಆಸೆಯಿತ್ತು. ಆದರೆ ಪ್ರಶಸ್ತಿ ಬಂದ ಚಿತ್ರಗಳನ್ನು ಊರಿನ ದೊಡ್ಡ ಚಿತ್ರಮಂದಿರದಲ್ಲಿ ತೋರಿಸುವುದೆಂದು ಗೊತ್ತಾಗಿತ್ತು. ಅತ್ತೆ ಅದಕ್ಕೆಂದು ತಡಕಾಡಿ ತಡಕಾಡಿ ತಮಗೇ ಒಂದು ಹೊಸ ಬಟ್ಟೆ ಹೊಲಿದುಕೊಳ್ಳುತ್ತಿದ್ದರು. ಸುಳ್ಳು ಹೆಸರು ಕೊಟ್ಟಿದ್ದಾರೆಂದು ತಿಳಿದರೆ ಚಿತ್ರವನ್ನೇ ಹೊರಗಿಡುತ್ತಾರೆ, ಅಮ್ಮ ತನ್ನ ಮುಖವನ್ನು ಪರದೆಯ ಮೇಲೆ ನೋಡುವುದು ತಪ್ಪಿಹೋಗುತ್ತದೆ ಎಂದು ಅತ್ತಿಗೆ ಹೆದರಿದರು. ಛಾಯಾಗ್ರಾಹಕರು ಜನರ ನಡುವೆ ಬರುವುದಿಲ್ಲ, ಸಂಕೋಚದ ಸ್ವಭಾವ ಎಂದು ಹೇಳಿ ಅವನ ಪ್ರಶಸ್ತಿಯನ್ನು ತಾವೇ ತೆಗೆದುಕೊಂಡು ಬಂದರು. ಅತ್ತೆ ಚಿತ್ರಮಂದಿರದಲ್ಲಿ ಮುಂದಿನ ಸಾಲಿನಲ್ಲಿ ಕೂತು, ಉಳಿದ ಒಂದು ಮಂಜುಗಣ್ಣಿನಿಂದ ತಮ್ಮನ್ನು ತಾವು ನೋಡಿದರು. ಅದಾಗಿ ಕೆಲವು ತಿಂಗಳಿಗೆ ಅವರು ಹೋದರು. ಹೋಗುವ ಮುಂಚೆ ಮಗಳನ್ನು ಕರೆದು, ಆ ಸೂಜಿ ದೃಶ್ಯ ತೆಗೆದವಳು ನೀನು ಅಂತ ಎಲ್ಲರಿಗೂ ಹೇಳು ಎಂದರು. ಇದು ನಾನು ನನ್ನ ಕಿವಿಯಾರೆ ಕೇಳಿದ ಮಾತು.

ಇಷ್ಟರಲ್ಲಿ ಛಾಯಾಗ್ರಾಹಕನ ಕಾಟ ತಲೆ ಮೇಲೆ ಹತ್ತಿ ಕುಳಿತಿತ್ತು. ದೊಡ್ಡ ನಿರ್ಮಾಪಕರು ಅವನನ್ನು ಕೇಳಿಕೊಂಡು ಮನೆಗೇ ಬರತೊಡಗಿದರು. ಗಿರಣಿಯ ಹಿಟ್ಟು ಮೆತ್ತಿದ ಮೆಟ್ಟಿಲು ಹತ್ತಿ ಬಂದವರು ಅತ್ತಿಗೆಯನ್ನು ನೋಡಿ, ಅವರ ವಿಳಾಸ ಕೊಡಿ ಅನ್ನುವರು. ನೀವೂ ಕ್ಯಾಮೆರಾ ಹಿಡಿಯುತ್ತೀರಾ ಎಂದು ಒಬ್ಬರಾದರೂ ಕೇಳಲಿಲ್ಲ. ಅವನು ಯಾರ ಕಣ್ಣಿಗೂ ಬೀಳದಿದ್ದಷ್ಟೂ ಅವನ ತೂಕ ಏರುತ್ತಾ ಹೋಯಿತು. ಅವನು ಬೆಟ್ಟದ ಮೇಲೆ ಒಬ್ಬನೇ ಇದ್ದಾನೆ, ಮಾತು ಬಿಟ್ಟಿದ್ದಾನೆ, ಪ್ರೀತಿಯಲ್ಲಿ ಸೋತವನು, ಎಂದು ಒಬ್ಬೊಬ್ಬರು ಒಂದೊಂದು ಕಥೆ ಕಟ್ಟಿದರು. ಅತ್ತಿಗೆ ಅಡ್ಡಗೋಡೆಯ ಮೇಲೆ ದೀಪ ಇಟ್ಟ ಹಾಗೆ ಏನೋ ಒಂದು ಹೇಳಿ ಕಳಿಸುತ್ತಿದ್ದರು. ಪತ್ರಿಕೆಯವರೊಬ್ಬರಂತೂ ಸಂದರ್ಶನ ಬೇಕೇ ಬೇಕು ಎಂದು ಹಟ ಹಿಡಿದರು.

ಒಂದು ಬೆಳಿಗ್ಗೆ ನಾನು ಅಡುಗೆಮನೆಯಲ್ಲಿ ಬೆಳ್ಳುಳ್ಳಿ ಸುಲಿಯುತ್ತಿದ್ದೆ. ಅತ್ತಿಗೆ ಫೋನಿನಲ್ಲಿ ಆ ಪತ್ರಿಕೆಯವರ ಜೊತೆ ಮಾತಾಡುತ್ತಿದ್ದರು. ಇದ್ದಕ್ಕಿದ್ದಂತೆ ತಗ್ಗಿದ ಧ್ವನಿಯಲ್ಲಿ, ಅವರು ತೀರಿಕೊಂಡರು ಎಂದು ಹೇಳಿ ಫೋನು ಇಟ್ಟರು. ಯಾರು ಹೋದರೆಂದು ಓಡಿ ಬಂದೆ.

"ಯಾರು ಅತ್ತಿಗೆ? ಯಾರು ತೀರ್ಕೊಂಡಿದ್ದು?"

"ಅವನೇ. ಕ್ಯಾಮೆರಾದವನು."

"ಹೀಗೆಲ್ಲ ಹೇಳ್ತಾರಾ ಯಾರಾದ್ರೂ?"

"ಇನ್ನೇನು ಮಾಡ್ಲಿ ಹೇಳು. ಕಥೇಲಿ ಒಂದು ಪಾತ್ರ ಕಾಟ ಕೊಡೋಕೆ ಶುರು ಮಾಡಿದ್ರೆ ಮುಗಿಸ್ಬಿಡ್ತೀವಿ. ಮುಂದಿನ ಚಿತ್ರದಿಂದ ಕ್ಯಾಮೆರಾ ನನ್ನ ಹೆಸರಲ್ಲೇ ಇರುತ್ತೆ. ಅಮ್ಮಂಗೆ ಮಾತು ಕೊಟ್ಟಿದೀನಿ."

ಕಥೆ ಬರೆಯುವವರು ಮಾತ್ರ ಮಾಡಬಹುದಾದ ತಪ್ಪು ಅದು. ಕಥೆಯಲ್ಲಿ ಸತ್ತವರು ಮುಂದಿನ ಪುಟಕ್ಕೆ ಬರುವುದಿಲ್ಲ. ಹೊರಗೆ ಹಾಗಲ್ಲ, ಇಲ್ಲಿ ಸತ್ತವರಿಗೇ ಹೆಚ್ಚು ಮರ್ಯಾದೆ. ಅದು ನಮ್ಮಿಬ್ಬರಿಗೂ ಆ ಹೊತ್ತಿಗೆ ಹೊಳೆಯಲಿಲ್ಲ. ನಾನೂ ಪೀಡೆ ತೊಲಗಿತು ಎಂದುಕೊಂಡು ಬೆಳ್ಳುಳ್ಳಿ ಸುಲಿಯಲು ಹೋದೆ.

ಮರುದಿನದ ಪತ್ರಿಕೆಯಲ್ಲಿ ಅವನ ಸಾವು ಬಂತು. ಆಮೇಲೆ ಒಂದರ ಹಿಂದೆ ಒಂದು ಲೇಖನ. ಅವನ ಜೊತೆ ಟೀ ಕುಡಿದವರು ಹುಟ್ಟಿಕೊಂಡರು. ಅವನಿಂದ ಪಾಠ ಹೇಳಿಸಿಕೊಂಡ ಶಿಷ್ಯರೂ ಹುಟ್ಟಿಕೊಂಡರು. ಒಬ್ಬರು ಅವನ ಕೈ ಬೆರಳು ಎಷ್ಟು ಉದ್ದವಿದ್ದವೆಂದು ಬರೆದಿದ್ದರು. ಚಿತ್ರ ಸಂಘದವರು ಸಂತಾಪ ಸಭೆ ಇಟ್ಟು ಫೋಟೋ ಕೇಳಿದರು. ಎಲ್ಲಿಂದ ತರುವುದು? ತಳ್ಳುಗಾಡಿಯ ಮೇಲಿದ್ದ ಕ್ಯಾಮೆರಾದ ಮೇಲೆ ಬಾಗಿ ನನ್ನ ಗಂಡ ವೈರು ಸರಿಮಾಡುತ್ತಿದ್ದ ಒಂದು ಫೋಟೋ ಇತ್ತು. ಬೆನ್ನು ಮಾತ್ರ ಕಾಣುತ್ತಿತ್ತು. ಅತ್ತಿಗೆ ಅದನ್ನೇ ಕೊಟ್ಟರು. ಸಭೆಯಲ್ಲಿ ಅದನ್ನು ಬಾಗಿಲಿನಷ್ಟು ದೊಡ್ಡದು ಮಾಡಿ ನಿಲ್ಲಿಸಿದ್ದರು. ತಮ್ಮ ಬೆನ್ನಿಗೆ ತಾವೇ ತಲೆಬಾಗಿ ಬಂದ ನನ್ನ ಗಂಡ ಅವತ್ತು ಸರಿಯಾಗಿ ಊಟ ಮಾಡಲಿಲ್ಲ.

ಅತ್ತಿಗೆ ಮುಂದಿನ ಚಿತ್ರ ಶುರು ಮಾಡಿದರು. ಅದೇ ಕ್ಯಾಮೆರಾ, ಅದೇ ಹೆಗಲು, ಅದೇ ಕಿಟಕಿ. ಎಷ್ಟು ಉತ್ಸಾಹವಿತ್ತೆಂದರೆ ಗಿರಣಿಯವರ ಕಾಲಿಗೆ ಬೀಳುವುದೊಂದು ಬಾಕಿ, ಇನ್ನೊಂದು ದಿನವೂ ರಜೆ ಮಾಡಿ ಎಂದು ಗೋಗರೆದರು. ಕೊನೆಯಲ್ಲಿ ಛಾಯಾಗ್ರಹಣ ಎಂದು ಬರೆದು ಅದರ ಕೆಳಗೆ ತಮ್ಮ ಹೆಸರು ಹಾಕಿ, ನನ್ನನ್ನು ಕರೆದು ತೋರಿಸಿದರು. ಪರೀಕ್ಷೆಯಲ್ಲಿ ಪಾಸಾದ ಹುಡುಗಿಯ ಹಾಗೆ ಅವರ ಮುಖ ಇತ್ತು.

ಚಿತ್ರ ಬಂತು. ಆ ವಿನಯದ ದೃಷ್ಟಿ ಎಂದು ಬರೆದಿದ್ದ ವಿಮರ್ಶಕರೇ ಇದರ ಬಗ್ಗೆಯೂ ಬರೆದರು. ಆ ಮಹಾನ್ ಛಾಯಾಗ್ರಾಹಕರು ಹೋದ ಮೇಲೆ ಈ ನಿರ್ದೇಶಕಿಯ ಚಿತ್ರಗಳಿಗೆ ಕಣ್ಣು ಹೋಗಿದೆ. ಅವರ ಜಾಗದಲ್ಲಿ ತಾವೇ ಕ್ಯಾಮೆರಾ ಹಿಡಿಯಲು ಹೊರಟದ್ದು ಮನ ಮುಟ್ಟುತ್ತದೆ, ಆದರೆ ಅನುಕರಣೆ ಅನುಕರಣೆಯೇ. ಹೀಗೆ. ನಾನು ಕೈ ಕೈ ಹಿಸುಕಿಕೊಂಡೆ. ಆ ಮನುಷ್ಯ ಎದುರಿಗೆ ಸಿಕ್ಕಿದ್ದರೆ ನಿಲ್ದಾಣದ ಮೈಕಿನಲ್ಲಿ ಅವರ ಜನ್ಮ ಜಾಲಾಡುತ್ತಿದ್ದೆ. ಅತ್ತಿಗೆ ಪತ್ರಿಕೆಯನ್ನು ಮಡಚಿಟ್ಟು ಕೆಲಸಕ್ಕೆ ಹೋದರು. ಸಂಜೆ ಬಂದವರು ಕ್ಯಾಮೆರಾವನ್ನು ಒರೆಸಿ, ಬಟ್ಟೆ ಸುತ್ತಿ, ಬೀರುವಿನ ಮೇಲಿಟ್ಟರು. ಬಹಳ ದಿನ ಅದನ್ನು ಇಳಿಸಲಿಲ್ಲ. ಮನೆಯಲ್ಲಿ ಗಿರಣಿಯ ರಜೆಯ ದಿನ ಬಂದರೆ ನನಗೆ ಭಯವಾಗತೊಡಗಿತು, ಅಷ್ಟು ಮೌನ.

ಚಿತ್ರ ಸಂಘದವರು ಆ ಪುಣ್ಯಾತ್ಮನ ನೆನಪಿಗೆ ಒಂದು ಪ್ರಶಸ್ತಿ ಇಟ್ಟರು, ಪ್ರತಿ ವರ್ಷ ಒಬ್ಬ ಹೊಸ ಛಾಯಾಗ್ರಾಹಕರಿಗೆ. ಮೊದಲ ಪ್ರಶಸ್ತಿಯನ್ನು ಅತ್ತಿಗೆಯೇ ಕೊಡಬೇಕೆಂದು ಸಂಘದ ಅಧ್ಯಕ್ಷರು ಮನೆಗೆ ಬಂದು ಕೇಳಿಕೊಂಡರು. ಅತ್ತಿಗೆ ಒಪ್ಪಿಕೊಂಡಾಗ ನನಗೆ ಆಶ್ಚರ್ಯವಾಯಿತು. ಅಧ್ಯಕ್ಷರು ಮೆಟ್ಟಿಲಿಳಿದು ಹೋದ ಮೇಲೆ ಕಾರಣ ಹೇಳಿದರು. ಜನ ತುಂಬಿದ ಸಭೆ, ಮುಂದೆ ಮೈಕು, ಅಲ್ಲಿಯೇ ನಿಜ ಹೇಳಿಬಿಡುವುದು. ಬೈದರೆ ಬೈಸಿಕೊಳ್ಳುವುದು. ಪ್ರಶಸ್ತಿ ಕಿತ್ತುಕೊಂಡರೆ ಕಿತ್ತುಕೊಳ್ಳಲಿ. ಅಮ್ಮನಿಗೆ ಕೊಟ್ಟ ಮಾತು ಉಳಿದರೆ ಸಾಕು. ಏನು ಹೇಳಬೇಕೆಂದು ಅವರು ಎಷ್ಟೋ ದಿನ ತಮ್ಮಷ್ಟಕ್ಕೆ ಹೇಳಿ ಹೇಳಿ ಗಟ್ಟಿ ಮಾಡಿಕೊಂಡರು.

ಸಭಾಂಗಣ ತುಂಬಿತ್ತು. ವೇದಿಕೆಯ ಮೇಲೆ ನನ್ನ ಗಂಡನ ಬೆನ್ನು. ನಾವಿಬ್ಬರೂ ಮುಂದಿನ ಸಾಲಿನಲ್ಲೇ ಕೂತಿದ್ದೆವು. ಅತ್ತಿಗೆ ಮೈಕಿನ ಹತ್ತಿರ ಬಂದು ಅದನ್ನು ತಮ್ಮ ಎತ್ತರಕ್ಕೆ ಇಳಿಸಿಕೊಂಡರು. ಗಟ್ಟಿ ಮಾಡಿಕೊಂಡದ್ದೆಲ್ಲ ಎಲ್ಲಿ ಹೋಯಿತೋ, ಬಾಯಿಗೆ ಬಂದದ್ದು ಇಷ್ಟೇ.

"ನಾನೊಂದು ನಿಜ ಹೇಳಬೇಕು. ಇವರು ಅಂತ ಯಾರೂ ಇರಲೇ ಇಲ್ಲ. ಇವರು ಅಂದರೆ ನಾನೇ. ಅಮ್ಮ ಸೂಜಿಗೆ ದಾರ ಪೋಣಿಸ್ತಿದ್ದಾಗ ಅವರನ್ನ ನೋಡ್ತಾ ಇದ್ದಿದ್ದು ನಾನು. ನಾನೊಬ್ಬಳೇ..."

ಅಷ್ಟು ಹೇಳುವಷ್ಟರಲ್ಲಿ ಅತ್ತುಬಿಟ್ಟರು. ಅಕ್ಕ ತಡವರಿಸಿದ್ದನ್ನು ನೋಡಿ ನನ್ನ ಗಂಡ ತಡೆಯಲಾರದೆ ಎದ್ದು ನಿಂತರು. ಆ ಫೋಟೋದಲ್ಲಿರುವುದು ನನ್ನ ಬೆನ್ನು, ಅಕ್ಕ ಹೇಳುತ್ತಿರುವುದು ನಿಜ ಎಂದು ಹೇಳಬೇಕೆಂದು ಅವರ ಮನಸ್ಸಿನಲ್ಲಿತ್ತು. ಅವರು ಎದ್ದದ್ದನ್ನು ಕಂಡು ಪಕ್ಕದವರು ಎದ್ದರು. ಹಿಂದಿನ ಸಾಲು ಎದ್ದಿತು. ನೋಡನೋಡುತ್ತಿದ್ದ ಹಾಗೆ ಇಡೀ ಸಭಾಂಗಣ ಎದ್ದು, ಕೈ ಕಟ್ಟಿ, ತಲೆ ತಗ್ಗಿಸಿ, ಸತ್ತವನಿಗೆ ಮೌನ ಸಲ್ಲಿಸಿತು. ಆ ಮೌನದಲ್ಲಿ ನನ್ನ ಗಂಡನ ಬಾಯಿ ತೆರೆದದ್ದು ತೆರೆದ ಹಾಗೇ ಇತ್ತು. ನಾನು, ಜೀವನವಿಡೀ ಮೈಕಿನಲ್ಲಿ ಕೂಗಿದವಳು, ಅಲ್ಲಿ ಒಂದು ಶಬ್ದವನ್ನೂ ಆಡಲಾರದೆ ಹೋದೆ. ವೇದಿಕೆಯ ಮೇಲೆ ಅತ್ತಿಗೆ ಎಲ್ಲರನ್ನೂ ಸುಮ್ಮನೆ ನೋಡುತ್ತಾ ನಿಂತಿದ್ದರು.

ಮೌನ ಮುಗಿದ ಮೇಲೆ ಅಧ್ಯಕ್ಷರು ಕಣ್ಣೊರೆಸಿಕೊಂಡು, ಅವರು ಬೇರೆ ಇವರು ಬೇರೆ ಅಲ್ಲ ಅನ್ನುವುದನ್ನು ಇದಕ್ಕಿಂತ ಚೆನ್ನಾಗಿ ಯಾರು ತಾನೇ ಹೇಳಲು ಸಾಧ್ಯ ಎಂದರು. ಚಪ್ಪಾಳೆ ಬಹಳ ಹೊತ್ತು ನಿಲ್ಲಲಿಲ್ಲ. ಆವತ್ತಿನಿಂದ ಅವರಿಬ್ಬರ ನಡುವೆ ಪ್ರೀತಿಯಿತ್ತು, ಅದಕ್ಕೇ ಈಕೆ ಮದುವೆಯಾಗಲಿಲ್ಲ ಎಂಬ ಮಾತು ಹಬ್ಬಿತು. ನಾನು ಸಂಘದ ಕಚೇರಿಗೆ ಹೋಗಿ ಕಾರ್ಯದರ್ಶಿಗೆ ಬಿಡಿಸಿ ಬಿಡಿಸಿ ಹೇಳಿದೆ. ಅವರು ಪೂರ್ತಿ ಕೇಳಿಸಿಕೊಂಡು, ದುಃಖದಲ್ಲಿ ಮನೆಯವರಿಗೆ ಹಾಗೆಲ್ಲ ಅನ್ನಿಸುವುದು ಸಹಜ, ನೀರು ಕುಡೀರಿ ಎಂದು ಲೋಟ ಮುಂದಿಟ್ಟರು. ಅತ್ತಿಗೆಗೆ ಇದು ತಿಳಿದು, ಇನ್ನು ಸಾಕು ಬಿಡು ಎಂದು ನನ್ನನ್ನೇ ಸಮಾಧಾನ ಮಾಡಿದರು.

ಸಭೆಯಿಂದ ಬಸ್ಸಿನಲ್ಲಿ ಬರುವಾಗ ಅವರು ಹೇಳಿದ ಮಾತೊಂದು ನನ್ನನ್ನು ಈಗಲೂ ಬಿಟ್ಟಿಲ್ಲ. ಕಿಟಕಿಯ ಹೊರಗೆ ನೋಡುತ್ತಾ ಕೂತಿದ್ದವರು ನನ್ನ ಕೈ ಹಿಡಿದುಕೊಂಡರು.

"ನಾನು ಎಷ್ಟೊಂದು ಜನರನ್ನ ಬರೆದೆ ಕಣೇ. ಇವನೊಬ್ಬನನ್ನೇ ಎಲ್ಲರೂ ನಂಬಿದ್ದು."

ಹೇಳುವಾಗ ಮುಖದಲ್ಲಿ ಸ್ವಲ್ಪ ಹೆಮ್ಮೆಯೂ ಇತ್ತು. ಅದನ್ನು ಕಂಡು ನನಗೆ ಅಳು ತಡೆಯಲಾಗಲಿಲ್ಲ.

ಆಮೇಲೂ ಅವರು ಸ್ಟುಡಿಯೋಗೆ ಹೋದರು, ಅಪರಿಚಿತರ ಗಲ್ಲ ಇಳಿಸಿದರು. ಕ್ಯಾಮೆರಾವನ್ನು ಬೀರುವಿನಿಂದ ಇಳಿಸಿ ಇನ್ನೊಂದು ಚಿತ್ರಕ್ಕೂ ಕೈ ಹಾಕಿದರು. ಅರ್ಧವಾಗಿತ್ತು, ಶ್ವಾಸಕೋಶದ ಕಾಯಿಲೆ ಕಾಣಿಸಿಕೊಂಡಿತು. ಹೆಗಲ ಮೇಲೆ ಕ್ಯಾಮೆರಾ ಇಟ್ಟರೆ ಚಿತ್ರದಲ್ಲಿ ಅವರ ಏದುಸಿರೇ ಮೂಡುತ್ತಿತ್ತು. ಸ್ಟ್ಯಾಂಡಿನ ಮೇಲಿಡಿ, ಇಲ್ಲವೇ ನಾನು ಹಿಡಿಯುತ್ತೇನೆ, ಹೇಗೆಂದು ಹೇಳಿಕೊಡಿ ಎಂದು ಬೇಡಿಕೊಂಡೆ. ನೀನು ಎತ್ತರ ಜಾಸ್ತಿ ಎಂದು ನಕ್ಕು ತಳ್ಳಿಹಾಕಿದರು. ಆ ಚಿತ್ರ ಅರ್ಧಕ್ಕೇ ನಿಂತಿದೆ. ಕೊನೆಯ ದಿನಗಳಲ್ಲಿ ಆಸ್ಪತ್ರೆಯ ಮಂಚದ ಮೇಲೆ ಮಲಗಿ ಎದುರಿನ ಗೋಡೆಯ ಮೇಲೆ ಬಿಸಿಲು ಜರುಗುವುದನ್ನು ನೋಡುತ್ತಿದ್ದರು. ಡಾಕ್ಟರು ಬಂದು ಪರದೆ ಎಳೆದರೆ ಸಿಟ್ಟಾಗುತ್ತಿದ್ದರು.

ಅವರು ಹೋದ ದಿನ ಮನೆಯ ಮುಂದಿನ ಕೋಣೆಯಲ್ಲಿ, ಆ ಕಿಟಕಿಯ ಪಕ್ಕದಲ್ಲೇ ಮಲಗಿಸಿದ್ದೆವು. ಗಿರಣಿಯವರು ಯಾರೂ ಹೇಳದೆಯೇ ಯಂತ್ರ ನಿಲ್ಲಿಸಿದರು. ಸ್ಟುಡಿಯೋದವರು ಬಂದರು, ಬೀದಿಯವರು ಬಂದರು, ಚಿತ್ರ ಸಂಘದವರೂ ಬಂದರು. ನಾನು ಗೋಡೆಗೊರಗಿ ಕೂತಿದ್ದೆ. ಸಂಘದ ಅಧ್ಯಕ್ಷರು ಹೂವಿಟ್ಟು, ಸ್ವಲ್ಪ ಹೊತ್ತು ತಲೆ ತಗ್ಗಿಸಿ ನಿಂತು, ಆಮೇಲೆ ನನ್ನ ಹತ್ತಿರ ಬಂದು ಕೂತರು. ಒಳ್ಳೆಯ ಮನುಷ್ಯ, ಕಣ್ಣಲ್ಲಿ ನಿಜವಾದ ನೀರಿತ್ತು. ನನ್ನ ಭುಜದ ಮೇಲೆ ಕೈಯಿಟ್ಟು ಮೆಲ್ಲಗೆ ಅಂದರು.

"ದುಃಖ ಮಾಡ್ಕೋಬೇಡಿ ತಾಯಿ. ಈಗ ಇವರು ಅವರ ಹತ್ತಿರಾನೇ ಹೋಗಿದಾರೆ. ಇನ್ನು ಅಲ್ಲಿ ಇಬ್ಬರೂ ಒಟ್ಟಿಗೆ ಇರ್ತಾರೆ."

ಕಿರುಚಬೇಕು ಅನ್ನಿಸಿತು. ಅತ್ತಿಗೆಯ ಮುಖ ನೋಡಿದೆ. ಅಧ್ಯಕ್ಷರ ಕೈಯನ್ನು ನನ್ನ ಭುಜದಿಂದ ಇಳಿಸಿದೆ.

"ಇಲ್ಲ ಸಾರ್," ಅಂದೆ. "ಅಲ್ಲೂ ಅವರು ಒಬ್ಬರೇ ಇರ್ತಾರೆ. ಎಲ್ಲಾ ಕೆಲಸ ಅವರೇ ಮಾಡ್ಕೋಬೇಕು."